ಇಪ್ಪತ್ತು ವರ್ಷ ಕಾದು ತೆಗೆಯುವ ಸಿನಿಮಾ: ಹೆಲೆನಾ ತ್ರ್ಶೆಶ್ತೀಕೋವಾ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನಾವು ಏಳೆಂಟು ಜನ ಗೆಳೆಯರು ತಿಂಗಳಿಗೊಂದು ಭಾನುವಾರ ಯಾರದಾದರೂ ಮನೆಯ ಹಾಲ್‌ನಲ್ಲಿ ಕೂತು ಸಾಕ್ಷ್ಯಚಿತ್ರ ನೋಡುತ್ತೇವೆ. ಒಂದು ವರ್ಷ ಹೆಚ್ಚುಕಮ್ಮಿ ಒಬ್ಬರದೇ ಸಿನಿಮಾಗಳನ್ನು ನೋಡಿದೆವು. ಪ್ರತಿ ಸಲ ಹೊಸಬರು ಒಬ್ಬರಿಬ್ಬರು ಬರುತ್ತಿದ್ದರು. ಪ್ರತಿ ಸಲ ಅವೇ ಪ್ರಶ್ನೆ ಕೇಳುತ್ತಿದ್ದರು. ಉತ್ತರ ಹೇಳಿ ಮುಗಿಸುವಷ್ಟರಲ್ಲಿ ಟೀ ಆರಿಹೋಗುತ್ತಿತ್ತು. ಅದಕ್ಕೇ ಇಲ್ಲಿ ಬರೆದಿಟ್ಟಿದ್ದೇನೆ.

ಯಾರು ಇವರು?

ಹೆಲೆನಾ ತ್ರ್ಶೆಶ್ತೀಕೋವಾ ಜೆಕ್ ದೇಶದ ಸಾಕ್ಷ್ಯಚಿತ್ರ ನಿರ್ದೇಶಕಿ. ಹುಟ್ಟಿದ್ದು 1949ರಲ್ಲಿ, ಪ್ರಾಗ್ ನಗರದಲ್ಲಿ. ಅಲ್ಲಿನ ಹೆಸರಾಂತ ಸಿನಿಮಾ ಶಾಲೆ 'ಫಾಮು'ನಲ್ಲಿ ಓದಿದರು. ಆಮೇಲೆ ಅಲ್ಲೇ ಪಾಠವನ್ನೂ ಹೇಳಿದರು. ಎಪ್ಪತ್ತರ ದಶಕದಿಂದ ಇವತ್ತಿನವರೆಗೆ ಅವರು ಮಾಡಿಕೊಂಡು ಬಂದಿರುವುದು ಮುಖ್ಯವಾಗಿ ಒಂದೇ ಕೆಲಸ. ಸಾಮಾನ್ಯ ಜನರನ್ನು ಆರಿಸಿಕೊಳ್ಳುವುದು, ಹತ್ತು, ಇಪ್ಪತ್ತು, ಮೂವತ್ತು ವರ್ಷ ಅವರ ಬೆನ್ನು ಬಿಡದೆ ಇರುವುದು, ಕೊನೆಗೆ ಅದನ್ನೆಲ್ಲ ಒಂದೂವರೆ ಗಂಟೆಗೆ ಇಳಿಸುವುದು.

ಹೆಸರನ್ನು ಹೇಗೆ ಹೇಳಬೇಕು?

ನಮಗೆ ಕಷ್ಟ. 'ರ' ಮತ್ತು 'ಶ' ಎರಡನ್ನೂ ಒಟ್ಟಿಗೆ ಉಸುರಿದಂಥ ಒಂದು ಅಕ್ಷರ ಜೆಕ್ ಭಾಷೆಯಲ್ಲಿದೆ. ಹೆಸರಿನ ಶುರುವಿನಲ್ಲೇ ಅದು ಕೂತಿದೆ. ನಾಲಿಗೆ ಹೊರಳದಿದ್ದರೆ ಬಿಡಿ, ಹೆಲೆನಾ ಅಂದರೆ ಸಾಕು. ಕೊನೆಯ 'ಓವಾ' ಹೆಂಗಸರ ಅಡ್ಡಹೆಸರಿಗೆ ಸೇರುವ ಬಾಲ. ಅವರ ಗಂಡ ಬರೀ ತ್ರ್ಶೆಶ್ತೀಕ್.

ಒಬ್ಬರನ್ನೇ ಇಪ್ಪತ್ತು ವರ್ಷ ಚಿತ್ರಿಸುವ ಈ ರೀತಿಗೆ ಏನಾದರೂ ಹೆಸರಿದೆಯಾ?

ಜೆಕ್ ಭಾಷೆಯಲ್ಲಿ 'ಚಾಸೋಸ್ಬೇರ್' ಅನ್ನುತ್ತಾರೆ. 'ಚಾಸ್' ಅಂದರೆ ಕಾಲ. 'ಸ್ಬೇರ್' ಅಂದರೆ ಆಯ್ದು ಕೂಡಿಸುವುದು, ಕೊಯ್ಲು. ಕಾಡಿಗೆ ಹೋಗಿ ಅಣಬೆ ಆರಿಸಿಕೊಂಡು ಬರುವುದಕ್ಕೂ ಇದೇ ಮೂಲದ ಮಾತು. ಹಾಗಾಗಿ ನಾನು ಇದನ್ನು 'ಕಾಲದ ಕೊಯ್ಲು' ಅಂದುಕೊಂಡಿದ್ದೇನೆ. ಒಂದು ವ್ಯತ್ಯಾಸ ಏನೆಂದರೆ, ಬಿತ್ತಿದವರಿಗೆ ಬೆಳೆ ಏನು ಬರುತ್ತದೆ ಅಂತ ಗೊತ್ತಿರುತ್ತದೆ. ಇಲ್ಲಿ ಅದೂ ಗೊತ್ತಿರುವುದಿಲ್ಲ.

ಬ್ರಿಟನ್ನಿನಲ್ಲಿ 1964ರಲ್ಲಿ ಶುರುವಾದ ಒಂದು ಹೆಸರಾಂತ ಟಿವಿ ಸರಣಿ ಇದೆ. ಏಳು ವರ್ಷದ ಮಕ್ಕಳನ್ನು ಆರಿಸಿ, ಏಳೇಳು ವರ್ಷಕ್ಕೊಮ್ಮೆ ಹೋಗಿ ಮಾತಾಡಿಸಿದ್ದು. ಅದರ ಹಾಗೇನಾ ಅಂತ ಕೆಲವರು ಕೇಳುತ್ತಾರೆ. ಪೂರ್ತಿ ಹಾಗಲ್ಲ. ಅದು ಕ್ಯಾಲೆಂಡರ್ ನೋಡಿಕೊಂಡು ಬಾಗಿಲು ತಟ್ಟುತ್ತದೆ. ಹೆಲೆನಾ ಸಂಸಾರ ಮುರಿದಾಗ, ಜೈಲಿನಿಂದ ಬಿಟ್ಟಾಗ, ಹೆರಿಗೆಗೆ ದಿನ ತುಂಬಿದಾಗ ಹೋಗುತ್ತಾರೆ. ಕೆಲವೊಮ್ಮೆ ಆ ಕಡೆಯವರೇ ಫೋನ್ ಮಾಡಿ ಕರೆಯುತ್ತಾರೆ.

ಇದೆಲ್ಲ ಶುರುವಾಗಿದ್ದು ಹೇಗೆ?

ಒಂದು ಬಸುರಿಯಿಂದ. 1974ರಲ್ಲಿ ಹೆಲೆನಾ ತಮ್ಮ ಗೆಳತಿಯೊಬ್ಬಳ ಬಸುರಿನ ದಿನಗಳನ್ನು ಚಿತ್ರಿಸಲು ಹೋದರು. ಗೆಳತಿಗೆ ಗಂಡುಮಗು ಆಯಿತು. ಮರುವರ್ಷ 'ಪವಾಡ' ಅನ್ನುವ ಅರ್ಥದ ಹೆಸರಿನ ಕಿರುಚಿತ್ರ ಬಂತು. ಅಲ್ಲಿಗೆ ಕೆಲಸ ಮುಗಿಯಬೇಕಿತ್ತು, ಅಲ್ವಾ? ಮುಗಿಯಲಿಲ್ಲ. ಆಗಾಗ ಆ ಮನೆಗೆ ಹೋಗಿಬರುತ್ತಲೇ ಇದ್ದರು. ಮನೆಯ ಯಜಮಾನ ದಿನಚರಿ ಬರೆಯುವ ಮನುಷ್ಯ, ಮನೆಯಲ್ಲಿ ನಡೆದದ್ದನ್ನೆಲ್ಲ ಅದರಲ್ಲಿ ಗುರುತು ಹಾಕಿಕೊಳ್ಳುತ್ತಿದ್ದ. ಮಗು ಹುಡುಗನಾಯಿತು. ಹುಡುಗ ಉದ್ದ ಕೂದಲು ಬಿಟ್ಟು, ಅಪ್ಪ ಅಮ್ಮನ ದಾರಿ ಬೇಡ ಅಂತ ಅಲೆಯಲು ಹೊರಟ. ಕೊನೆಗೆ 2012ರಲ್ಲಿ ಅದೆಲ್ಲ ಸೇರಿ 'ಖಾಸಗಿ ವಿಶ್ವ' ಅನ್ನುವ ಅರ್ಥದ ಹೆಸರಲ್ಲಿ ತೆರೆಗೆ ಬಂತು. ಚಿತ್ರೀಕರಣದ ಅವಧಿ 37 ವರ್ಷ.

ಕಮ್ಯುನಿಸ್ಟ್ ಸರ್ಕಾರ ಇದ್ದಾಗ ಇಂಥ ಸಿನಿಮಾ ತೆಗೆಯಲು ಬಿಡುತ್ತಿದ್ದರಾ?

ಮದುವೆ, ಮಕ್ಕಳು, ಮನೆ ಅಂದರೆ ಬಿಡುತ್ತಿದ್ದರು. ಅದರಲ್ಲಿ ರಾಜಕೀಯ ಏನಿದೆ ಅಂತ ಅಧಿಕಾರಿಗಳಿಗೆ ಅನ್ನಿಸಿರಬೇಕು. ಅವರ ಲೆಕ್ಕ ತಪ್ಪಿದ್ದು ಅಲ್ಲೇ.

1980ರಲ್ಲಿ ಹೆಲೆನಾ ಪ್ರಾಗ್‌ನಲ್ಲಿ ಆಗ ತಾನೇ ಮದುವೆಯಾಗುತ್ತಿದ್ದ ಜೋಡಿಗಳನ್ನು ಹಿಡಿದುಕೊಂಡರು. ಆರು ಜೋಡಿ ಉಳಿದುಕೊಂಡವು. ಆಗ ಅಲ್ಲಿ ಚರ್ಚಿನ ಮದುವೆಗೆ ಕಾನೂನಿನ ಬೆಲೆ ಇರಲಿಲ್ಲ, ಸರ್ಕಾರಿ ಕಚೇರಿಯ ಮದುವೆಯೇ ಆಗಬೇಕು. ಜನ ಬಹಳ ಚಿಕ್ಕ ವಯಸ್ಸಿಗೆ ಮದುವೆಯಾಗುತ್ತಿದ್ದರು. ಹೊಸ ಜೋಡಿಗೆ ಸರ್ಕಾರ ಸಾಲ ಕೊಡುತ್ತಿತ್ತು. ಆದರೆ ಮನೆ ಮಾತ್ರ ಸಿಗುತ್ತಿರಲಿಲ್ಲ. ವರ್ಷಗಟ್ಟಲೆ ಸರದಿ ಕಾಯಬೇಕು. ಅಲ್ಲಿಯವರೆಗೆ ಅತ್ತೆಯ ಮನೆಯಲ್ಲೋ ಅಪ್ಪನ ಮನೆಯಲ್ಲೋ ಒಂದು ಕೋಣೆಯಲ್ಲಿ ಸಂಸಾರ. 'ಪನೆಲಾಕ್' ಅಂತ ಅವರು ಕರೆಯುವ, ರೆಡಿಮೇಡ್ ಕಾಂಕ್ರೀಟ್ ಗೋಡೆ ಜೋಡಿಸಿ ಎಬ್ಬಿಸಿದ ಅಪಾರ್ಟ್‌ಮೆಂಟಿನಲ್ಲಿ ಎರಡು ಕೋಣೆ ಸಿಕ್ಕರೆ ಅದೃಷ್ಟ. ನಮ್ಮಲ್ಲಿ 'ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು' ಅನ್ನುತ್ತಾರಲ್ಲ, ಈ ಹುಡುಗ ಹುಡುಗಿಯರು ಎರಡಕ್ಕೂ ಒಟ್ಟಿಗೆ ಕೈ ಹಾಕಿದ್ದರು.

ಮೊದಲ ಆರು ವರ್ಷದ ಕಥೆ 1987ರಲ್ಲಿ ಟಿವಿಯಲ್ಲಿ ಬಂತು. ಅದರಲ್ಲಿ ಯಾರೂ ಸರ್ಕಾರಕ್ಕೆ ಬೈಯುವುದಿಲ್ಲ. ಆದರೆ ಮಗು ಅಳುತ್ತಿರುವ ಇಕ್ಕಟ್ಟಿನ ಕೋಣೆ, ಒಣಗಲು ಹಾಕಿದ ಬಟ್ಟೆ, ಒಬ್ಬರ ಮುಖ ಒಬ್ಬರು ನೋಡದೆ ಊಟ ಮಾಡುವ ಗಂಡ ಹೆಂಡತಿ ಕಾಣುತ್ತಾರೆ. ಬೈಗುಳ ಬೇರೆ ಬೇಕಿಲ್ಲ.

ಆ ದೇಶದ ಇತಿಹಾಸ ನನಗೆ ಗೊತ್ತಿಲ್ಲ. ಅರ್ಥವಾಗುತ್ತದಾ?

ಆಗುತ್ತದೆ. ಇಷ್ಟು ಗೊತ್ತಿದ್ದರೆ ಸಾಕು. 1948ರಿಂದ ಜೆಕೊಸ್ಲೊವಾಕಿಯಾದಲ್ಲಿ ಕಮ್ಯುನಿಸ್ಟ್ ಪಕ್ಷದ ಆಳ್ವಿಕೆ. 1989ರ ನವೆಂಬರ್ 17ರಂದು ಪ್ರಾಗ್‌ನ ವಿದ್ಯಾರ್ಥಿಗಳ ಮೆರವಣಿಗೆಯ ಮೇಲೆ ಪೊಲೀಸರು ಲಾಠಿ ಬೀಸಿದರು. ಆಮೇಲೆ ಚೌಕಗಳಲ್ಲಿ ಜನವೋ ಜನ. ಆ ವರ್ಷ ಮುಗಿಯುವುದರೊಳಗೆ, ಜೈಲು ಕಂಡು ಬಂದಿದ್ದ ನಾಟಕಕಾರ ವಾಟ್ಸ್ಲಾವ್ ಹಾವೆಲ್ ಅಧ್ಯಕ್ಷರಾಗಿದ್ದರು. ಹೆಚ್ಚು ರಕ್ತ ಹರಿಯಲಿಲ್ಲ. ಅದಕ್ಕೇ ಅದನ್ನು 'ಮಖಮಲ್ ಕ್ರಾಂತಿ' ಅನ್ನುವುದು. 1993ರ ಜನವರಿ 1ರಂದು ದೇಶ ಎರಡಾಯಿತು, ಜೆಕ್ ಬೇರೆ, ಸ್ಲೊವಾಕಿಯಾ ಬೇರೆ. 2004ರಲ್ಲಿ ಎರಡೂ ಐರೋಪ್ಯ ಒಕ್ಕೂಟ ಸೇರಿದವು.

ನಡುವೆ ಹಣದ ಲೋಕ ತಲೆಕೆಳಗಾಯಿತು. 1991ರ ಜನವರಿಯಲ್ಲಿ ಸರ್ಕಾರ ಹೆಚ್ಚಿನ ವಸ್ತುಗಳ ಬೆಲೆ ಕಟ್ಟುವುದನ್ನು ಬಿಟ್ಟಿತು. ಸರ್ಕಾರಿ ಕಾರ್ಖಾನೆಗಳನ್ನು ಜನರಿಗೆ ಹಂಚಲು ಒಂದು ಯೋಜನೆ ಬಂತು. ಸಾವಿರ ಕ್ರೌನ್ (ಅಲ್ಲಿನ ನಾಣ್ಯ) ಕೊಟ್ಟು ಒಂದು ಕೂಪನ್ ಪುಸ್ತಕ ತಗೊಂಡರೆ ನೀವೂ ಷೇರುದಾರ. ಮೊದಲ ಸುತ್ತಿನಲ್ಲೇ ಸುಮಾರು 85 ಲಕ್ಷ ಜನ ಹೆಸರು ಬರೆಸಿದರು. ಕೆಲವರು ಅದರಲ್ಲಿ ಸಿರಿವಂತರಾದರು. ಜಾಸ್ತಿ ಜನರ ಕೈಗೆ ಬಂದದ್ದು ಅಷ್ಟಕ್ಕಷ್ಟೆ.

ಇದು ಯಾವುದನ್ನೂ ಹೆಲೆನಾ ಕೂತು ವಿವರಿಸುವುದಿಲ್ಲ. ಅವರ ಸಿನಿಮಾದಲ್ಲಿ ಇತಿಹಾಸ ಬರುವುದು ಟಿವಿ ವಾರ್ತೆಯಾಗಿ. ಹೊಸ ಅಧ್ಯಕ್ಷರು ಬಂದರು, ಚುನಾವಣೆ ಆಯಿತು, ಒಕ್ಕೂಟ ಸೇರಿದೆವು ಅಂತ ವಾರ್ತೆ ಓದುತ್ತಿರುತ್ತಾರೆ. ಮರುಕ್ಷಣ ಕ್ಯಾಮೆರಾ ಯಾವುದೋ ಅಡುಗೆಮನೆಯಲ್ಲಿ, ಯಾವುದೋ ಜೈಲಿನ ಕೋಣೆಯಲ್ಲಿ ಇರುತ್ತದೆ. ಅಲ್ಲಿ ಏನೂ ಬದಲಾಗಿರುವುದಿಲ್ಲ. ಅಥವಾ ಎಲ್ಲವೂ ಬದಲಾಗಿರುತ್ತದೆ, ಆದರೆ ವಾರ್ತೆಗೂ ಅದಕ್ಕೂ ಸಂಬಂಧ ಇರುವುದಿಲ್ಲ. ನನಗೆ ಅವರ ಸಿನಿಮಾ ಇಷ್ಟವಾಗುವುದು ಇದಕ್ಕೇ. ದೊಡ್ಡ ಬದಲಾವಣೆ ಎಲ್ಲರ ಮನೆಗೂ ಒಂದೇ ದಿನ, ಒಂದೇ ರೀತಿ ಬಂದು ಸೇರುವುದಿಲ್ಲ ಅನ್ನುವುದನ್ನು ಅವರಷ್ಟು ತಾಳ್ಮೆಯಿಂದ ತೋರಿಸಿದವರನ್ನು ನಾನು ಕಂಡಿಲ್ಲ.

'ರೆನೆ' ಸಿನಿಮಾ ಬಗ್ಗೆ ಎಲ್ಲರೂ ಹೇಳುತ್ತಾರೆ. ಏನದು?

ರೆನೆ ಒಬ್ಬ ಕಳ್ಳ. 1989ರಲ್ಲಿ ಹೆಲೆನಾ ಅವನನ್ನು ಮೊದಲ ಸಲ ಚಿತ್ರಿಸಿದಾಗ ಅವನು ಹದಿಹರೆಯದ ಹುಡುಗ, ಆಗಲೇ ಒಳಗಿದ್ದ. ಸಿನಿಮಾ ಬಂದದ್ದು 2008ರಲ್ಲಿ. ಇಪ್ಪತ್ತು ವರ್ಷದಲ್ಲಿ ಅವನು ಹೊರಗೆ ಬರುತ್ತಾನೆ, ಕದಿಯುತ್ತಾನೆ, ಒಳಗೆ ಹೋಗುತ್ತಾನೆ. ಮತ್ತೆ ಹೊರಗೆ, ಮತ್ತೆ ಒಳಗೆ. ಕಥೆ ಅಂದರೆ ಇಷ್ಟೇ. ಕೇಳಿದರೆ ಬೇಜಾರಾಗಬೇಕು. ನೋಡಲು ಕೂತರೆ ಏಳಲು ಆಗುವುದಿಲ್ಲ.

ಯಾಕೆಂದರೆ ಅವನು ದಡ್ಡನಲ್ಲ. ಮಾತು ಚೆನ್ನಾಗಿ ಬರುತ್ತದೆ. ಜೈಲಿನಿಂದ ನಿರ್ದೇಶಕಿಗೆ ಕಾಗದ ಬರೆಯುತ್ತಾನೆ. ಆ ಕಾಗದಗಳಲ್ಲಿ ಕೊಂಕು, ಕೋಪ, ಕೆಲವೊಮ್ಮೆ ಬೇಡಿಕೆ. ಬರೆಯಲು ಹೆಲೆನಾ ಹುರಿದುಂಬಿಸಿದರು, ಅವನ ಬರಹ ಪುಸ್ತಕವಾಗಿಯೂ ಬಂತು. ಮೈಮೇಲೆ ಹಚ್ಚೆ ವರ್ಷದಿಂದ ವರ್ಷಕ್ಕೆ ಹೆಚ್ಚುತ್ತಾ ಹೋಗುತ್ತದೆ. ಕುತ್ತಿಗೆಯ ಮೇಲೆ, ಅಂಗಿಯ ಕಾಲರ್ ಮುಚ್ಚದ ಜಾಗದಲ್ಲಿ, 'ಜನರೇ, ತೊಲಗಿ ಆಚೆ' ಅನ್ನುವ ಅರ್ಥದ ಇಂಗ್ಲಿಷ್ ಬೈಗುಳ ಕೊರೆಸಿಕೊಂಡಿದ್ದಾನೆ. ಅದರಲ್ಲೂ ಒಂದು ಅಕ್ಷರ ಬಿಟ್ಟುಹೋಗಿದೆ. ಇಡೀ ಲೋಕಕ್ಕೆ ಬೈಯಲು ಹೋಗಿ ಕಾಗುಣಿತ ತಪ್ಪಿದ ಹುಡುಗ. ಇನ್ನು ಆ ಕುತ್ತಿಗೆ ಇಟ್ಟುಕೊಂಡು ಕೆಲಸ ಕೇಳಲು ಹೋದರೆ ಯಾರು ಕೊಡುತ್ತಾರೆ ಹೇಳಿ?

1990ರ ಜನವರಿ 1ರಂದು ಹಾವೆಲ್ ದೊಡ್ಡ ಕ್ಷಮಾದಾನ ಕೊಟ್ಟರು. ಸುಮಾರು 23,000 ಕೈದಿಗಳು ಜೈಲಿನಿಂದ ಹೊರಬಂದರು. ದೇಶದ ಜೈಲುಗಳಲ್ಲಿ ಹೆಚ್ಚಿನ ಪಾಲು ಖಾಲಿ. ಹಳೆಯ ಕಾಲದಲ್ಲಿ ಕೆಲಸ ಇಲ್ಲದೆ ಇರುವುದೇ ಅಪರಾಧವಾಗಿತ್ತು, 'ಪರಾವಲಂಬಿ' ಅಂತ ಜೈಲಿಗೆ ಹಾಕುತ್ತಿದ್ದರು. ಆ ಕಾನೂನೂ ಹೋಯಿತು. ಆದರೆ ಬಾಗಿಲು ತೆರೆದ ಮೇಲೆ ಹೊರಬಂದವನು ಎಲ್ಲಿ ಮಲಗಬೇಕು, ಯಾರು ಕೆಲಸ ಕೊಡುತ್ತಾರೆ ಅನ್ನುವುದಕ್ಕೆ ಹೊಸ ಕಾಲದ ಬಳಿ ಉತ್ತರ ಇರಲಿಲ್ಲ. ರೆನೆಯ ಕಥೆ ನೋಡುವಾಗ ಇದನ್ನು ನೆನಪಿಟ್ಟುಕೊಳ್ಳಿ. ಹಾಗಂತ ತಪ್ಪೆಲ್ಲ ಕಾಲದ್ದೇ ಅನ್ನುವಷ್ಟು ಸಲೀಸಾಗಿ ಸಿನಿಮಾ ಅವನನ್ನು ಬಿಡುವುದಿಲ್ಲ.

2008ರಲ್ಲಿ ಯುರೋಪಿಯನ್ ಫಿಲ್ಮ್ ಅಕಾಡೆಮಿ ಇದನ್ನು ಆ ವರ್ಷದ ಅತ್ಯುತ್ತಮ ಸಾಕ್ಷ್ಯಚಿತ್ರ ಅಂತ ಆರಿಸಿತು.

ಅವನು ನಿರ್ದೇಶಕಿಯ ಮನೆಗೇ ಕನ್ನ ಹಾಕಿದ್ದು ನಿಜವಾ?

ನಿಜ. ಸಿನಿಮಾದಲ್ಲೇ ಇದೆ. ಅವರು ಚಿತ್ರೀಕರಣ ನಿಲ್ಲಿಸಲಿಲ್ಲ.

ನಮ್ಮ ಗುಂಪಿನಲ್ಲಿ ಈ ಜಾಗಕ್ಕೆ ಬಂದಾಗ ಪ್ರತಿ ಸಲ ಗದ್ದಲ. 'ನಾಯಿ ಬಾಲ ಡೊಂಕೇ' ಅಂತ ಒಬ್ಬರು. 'ಇವರಿಗೆ ಇದೂ ಒಳ್ಳೆ ಸೀನ್ ಆಯ್ತು ಬಿಡಿ' ಅಂತ ಇನ್ನೊಬ್ಬರು. ಎರಡನೆಯ ಮಾತು ನನ್ನನ್ನು ಜಾಸ್ತಿ ಕಾಡಿತು. ಅದರಲ್ಲಿ ಸುಳ್ಳಿಲ್ಲ. ಆದರೆ ಇನ್ನೊಂದು ಇದೆ. ಸ್ವಂತ ಮನೆ ದೋಚಿದವನ ಜೊತೆ ಮತ್ತೆ ಕೂತು ಮಾತಾಡುವ ಆ ಹೆಂಗಸಿನ ದನಿ ಕೇಳಿ. ಅವರು ಬಹುತೇಕ ತೆರೆಯ ಮೇಲೆ ಕಾಣುವುದಿಲ್ಲ, ದನಿ ಮಾತ್ರ. ಕೋಪಕ್ಕಿಂತ ಹೆಚ್ಚಾಗಿ ಅದರಲ್ಲಿ ದಣಿವು ಇದೆ. ಮಗನ ವಯಸ್ಸಿನವನನ್ನು ವಿಚಾರಿಸುವಾಗ ಬರುವ ದಣಿವು.

'ಕಟ್ಕಾ' ನೋಡಿ ಎರಡು ದಿನ ನಿದ್ದೆ ಬರಲಿಲ್ಲ. ಇವರು ಕ್ಯಾಮೆರಾ ಕೆಳಗಿಟ್ಟು ಆ ಹುಡುಗಿಗೆ ಸಹಾಯ ಮಾಡಬಾರದಿತ್ತಾ?

ಅತಿ ಹೆಚ್ಚು ಬರುವ ಪ್ರಶ್ನೆ ಇದೇ. ನನಗೂ ಮೊದಲು ಬಂದದ್ದು ಸಿಟ್ಟೇ.

ನೋಡದವರಿಗೆ: 1996ರಲ್ಲಿ ಕಟ್ಕಾಗೆ 19 ವರ್ಷ. ಮಾದಕ ವಸ್ತು ಬಿಡಲು ಒಂದು ಪುನರ್ವಸತಿ ಶಿಬಿರದಲ್ಲಿದ್ದಾಳೆ. ದುಂಡು ಮುಖ, ನಗು. ಒಂದು ಸಂಸಾರ, ಒಂದು ಮಗು ಇರಬೇಕು ಅನ್ನುವ ಆಸೆ. ಆಮೇಲೆ 14 ವರ್ಷ. ಮತ್ತೆ ಸೂಜಿ, ಕಳ್ಳತನ, ಮೈ ಮಾರಿಕೊಳ್ಳುವುದು, ಪಾಳು ಕಟ್ಟಡಗಳಲ್ಲಿ ವಾಸ. ಪ್ರತಿ ಸಲ ಕಾಣಿಸಿಕೊಂಡಾಗ ಮುಖ ಒಂದು ಹಂತ ಕುಸಿದಿರುತ್ತದೆ. ಹಲ್ಲು, ಚರ್ಮ, ಕಣ್ಣು. ನಡುವೆ ಬಸುರಾಗುತ್ತಾಳೆ. ಬಯಸಿದ್ದ ಮಗು ಹುಟ್ಟುತ್ತದೆ. ಅದು ಅವಳ ಕೈಯಲ್ಲಿ ಉಳಿಯುವುದಿಲ್ಲ. ಸೂಜಿ ಚುಚ್ಚಿಕೊಳ್ಳುವ ದೃಶ್ಯ ಬಂದಾಗ ನಮ್ಮ ಗುಂಪಿನ ನರ್ಸ್ ಒಬ್ಬರು ಎದ್ದು ಬಾಲ್ಕನಿಗೆ ಹೋದರು. ದಿನಾ ಸೂಜಿ ಹಿಡಿಯುವವರು ಅವರು.

ಅಲ್ಲಿನ ಮಾದಕ ವಸ್ತುಗಳ ಬಗ್ಗೆಯೂ ಒಂದು ಮಾತು. ಜೆಕ್ ದೇಶದಲ್ಲಿ 'ಪೆರ್ವಿಟಿನ್' ಅಂತ ಒಂದಿದೆ. ಮೆತ್‌ (ಮೆಥಾಂಫೆಟಮಿನ್) ಅನ್ನುವ ಉತ್ತೇಜಕ ಮಾದಕ ವಸ್ತುವಿಗೆ ಅಲ್ಲಿನ ಹೆಸರು ಅದು. ಕಮ್ಯುನಿಸ್ಟ್ ಕಾಲದಲ್ಲಿ ಗಡಿ ಮುಚ್ಚಿತ್ತು, ಹೊರಗಿನ ಮಾದಕ ವಸ್ತು ಒಳಗೆ ಬರುವುದು ಕಷ್ಟ. ಹಾಗಾಗಿ ಎಪ್ಪತ್ತರ ದಶಕದಿಂದಲೇ ಜನ ಔಷಧಿಗಳಿಂದ ಮನೆಯ ಅಡುಗೆಮನೆಯಲ್ಲೇ ಅದನ್ನು ಬೇಯಿಸಲು ಕಲಿತಿದ್ದರು. ಸರ್ಕಾರದ ಲೆಕ್ಕದಲ್ಲಿ ಸಮಾಜವಾದಿ ದೇಶದಲ್ಲಿ ವ್ಯಸನಿಗಳೇ ಇರಲಿಲ್ಲ. 1989ರ ನಂತರ ಗಡಿಯೂ ತೆರೆಯಿತು, ಬಾಯಿಯೂ ತೆರೆಯಿತು. ಪ್ರಾಗ್‌ನ ಮುಖ್ಯ ರೈಲು ನಿಲ್ದಾಣದ ಎದುರಿನ ಪಾರ್ಕಿಗೆ ಊರವರು 'ಶೆರ್ವುಡ್' ಅಂತ ಅಡ್ಡಹೆಸರಿಟ್ಟರು. ರಾಬಿನ್‌ಹುಡ್ ಅಡಗಿದ್ದ ಕಾಡಿನ ಹೆಸರು. ಯಾರು ಅಲ್ಲಿ ಅಡಗುತ್ತಿದ್ದರು ಅಂತ ಹೇಳಬೇಕಿಲ್ಲ.

ಈಗ ಪ್ರಶ್ನೆಗೆ. ಕಟ್ಕಾಳಿಗೆ ಸಹಾಯ ಮಾಡುವವರು ಇರಲಿಲ್ಲ ಅಂತಲ್ಲ. ಶಿಬಿರ ಇತ್ತು. ಸಂಸ್ಥೆಗಳು ಇದ್ದವು. ಸಿನಿಮಾ ನೋಡಿದರೆ ಕಾಣುವುದು, ಬಾಗಿಲು ಇದ್ದರೂ ಅದರೊಳಗೆ ಕಾಲಿಡುವ ಶಕ್ತಿಯನ್ನೇ ಆ ವಸ್ತು ತಿಂದುಹಾಕುತ್ತದೆ ಅನ್ನುವುದು. ಹೆಲೆನಾ ಕ್ಯಾಮೆರಾ ಆಫ್ ಮಾಡಿದ್ದರೆ ಅವಳು ಉಳಿಯುತ್ತಿದ್ದಳು ಅಂತ ಈಗ ನನಗೆ ಅನ್ನಿಸುವುದಿಲ್ಲ. ಆದರೂ ಒಂದು ಮುಳ್ಳು ಉಳಿಯುತ್ತದೆ. ಕಟ್ಕಾ ಹಾಳಾದಷ್ಟೂ ಸಿನಿಮಾ ಗಟ್ಟಿಯಾಗುತ್ತದೆ. ನಿರ್ದೇಶಕಿಗೂ ಇದು ಗೊತ್ತು. ನೋಡುವ ನಮಗೂ ಗೊತ್ತು. ಈ ಮುಳ್ಳನ್ನು ಕಿತ್ತು ಎಸೆಯುವ ಉತ್ತರ ನನ್ನ ಬಳಿ ಇಲ್ಲ. ಅದು ಚುಚ್ಚುತ್ತಿರುವುದೇ ಸರಿ ಅನ್ನಿಸುತ್ತದೆ.

ಎಲ್ಲಾ ಸಿನಿಮಾನೂ ಹೀಗೇ ಗೋಳಾ?

ಇಲ್ಲ. 2015ರ 'ಮ್ಯಾಲರಿ' ನೋಡಿ. ಇವಳೂ ವ್ಯಸನಿಯಾಗಿದ್ದವಳು. ಮಗ ಹುಟ್ಟಿದಾಗ ಬಿಟ್ಟಳು. ಬಿಟ್ಟ ಮೇಲೆ ಎಲ್ಲಾ ಸರಿಹೋಯಿತಾ? ಅದೇ ಇಲ್ಲ. ಇರಲು ಮನೆಯಿಲ್ಲದೆ ಕಾರಿನಲ್ಲಿ ಮಲಗುವ ದಿನಗಳು ಬರುತ್ತವೆ. ಸರ್ಕಾರಿ ಕಚೇರಿಯಿಂದ ಕಚೇರಿಗೆ ಅಲೆದಾಟ. ಈ ಅರ್ಜಿಗೆ ಆ ಕಾಗದ ಬೇಕು, ಆ ಕಾಗದಕ್ಕೆ ವಿಳಾಸ ಬೇಕು, ವಿಳಾಸಕ್ಕೆ ಮನೆ ಬೇಕು, ಮನೆಗೆ ಈ ಅರ್ಜಿ ಬೇಕು. ನಮ್ಮ ಕಡೆ ಕಚೇರಿಗಳನ್ನು ಸುತ್ತಿದವರಿಗೆ ಸಬ್‌ಟೈಟಲ್ ಇಲ್ಲದೆಯೂ ಈ ಭಾಗ ಅರ್ಥವಾಗುತ್ತದೆ. ಸೂಜಿಗಿಂತ ಕೌಂಟರ್ ಹಿಂದಿನ ಗಾಜಿನ ಕಿಟಕಿ ಹೆಚ್ಚು ಹೆದರಿಸಿತು ನನ್ನನ್ನು.

ಮ್ಯಾಲರಿ ಕೊನೆಗೆ ಸಮಾಜಸೇವೆ ಓದಿ, ತಾನು ಇದ್ದಂಥ ಜಾಗದಲ್ಲೇ ಇರುವವರಿಗೆ ನೆರವಾಗುವ ಕೆಲಸಕ್ಕೆ ಸೇರುತ್ತಾಳೆ. ಆ ವರ್ಷ ಕಾರ್ಲೊವಿ ವಾರಿ ಚಿತ್ರೋತ್ಸವದಲ್ಲಿ ಅತ್ಯುತ್ತಮ ಸಾಕ್ಷ್ಯಚಿತ್ರ ಪ್ರಶಸ್ತಿ ಇದಕ್ಕೇ ಬಂತು.

1980ರ ಮದುವೆ ಜೋಡಿಗಳಲ್ಲಿ ಒಂದರ ಮೇಲೆ 2017ರಲ್ಲಿ 'ಸ್ಟ್ರ್ನಾದ್ ದಂಪತಿ' ಅಂತ ಪ್ರತ್ಯೇಕ ಸಿನಿಮಾ ಬಂತು. ಕ್ರಾಂತಿಯ ನಂತರ ಸ್ವಂತ ವ್ಯಾಪಾರ ಶುರುಮಾಡಿ ಮೇಲೆ ಬಂದವರು. ದುಡ್ಡು ಬಂತು, ಮನೆ ದೊಡ್ಡದಾಯಿತು, ಜಗಳ ಅಷ್ಟೇ ಇತ್ತು. ಮೂವತ್ತೈದು ವರ್ಷದ ದಾಂಪತ್ಯ ಅಂದರೆ ಏನು ಅಂತ ತಿಳಿಯಬೇಕಿದ್ದರೆ ಇದೇ ಸಾಕು.

'ಮಾರ್ಸೆಲಾ' ನೋಡಿದ ಜನ ದುಡ್ಡು ಕಳಿಸಿದರಂತೆ?

ಹೌದು. ಮಾರ್ಸೆಲಾ ಕೂಡ ಆ ಆರು ಜೋಡಿಗಳಲ್ಲಿ ಒಬ್ಬಳು. ಮದುವೆ ಮುರಿಯಿತು. ಇಬ್ಬರು ಮಕ್ಕಳನ್ನು ಒಬ್ಬಳೇ ಸಾಕಿದಳು, ಕೈಗೆ ಸಿಕ್ಕ ಕಡಿಮೆ ಸಂಬಳದ ಕೆಲಸ. ಹೆಲೆನಾ ಮತ್ತೆ ಚಿತ್ರೀಕರಣಕ್ಕೆ ಹೋದ ಹೊತ್ತಿಗೆ ಮಗಳು ರೈಲು ದುರಂತದಲ್ಲಿ ತೀರಿಕೊಂಡಳು. 2006ರಲ್ಲಿ ಟಿವಿಯಲ್ಲಿ ಇದು ಬಂದ ಮೇಲೆ ದೇಶದ ಎಲ್ಲೆಲ್ಲಿಂದಲೋ ಕಾಗದ, ನೆರವು ಹರಿದು ಬಂತು. ಮರುವರ್ಷ ಸಿನಿಮಾ ಆಯಿತು. ಅಷ್ಟು ವರ್ಷ ಪಕ್ಕದ ಮನೆಯವಳ ಹಾಗೆ ನೋಡಿದ್ದ ಹೆಂಗಸು. ಜನ ಸುಮ್ನೆ ಕೂರಲಿಲ್ಲ.

'ಆನಿ' ಯಾರ ಕಥೆ?

46ನೆಯ ವಯಸ್ಸಿನಲ್ಲಿ ಪ್ರಾಗ್‌ನ ಬೀದಿಯಲ್ಲಿ ಮೈ ಮಾರಲು ನಿಂತ ಹೆಂಗಸಿನದು. ಹಗಲು ಸಾರ್ವಜನಿಕ ಶೌಚಾಲಯ ನೋಡಿಕೊಳ್ಳುವ ಕೆಲಸ. ಆ ಸಂಬಳ ಸಾಲದು. ಮಕ್ಕಳು, ಮೊಮ್ಮಕ್ಕಳು ಎಲ್ಲಾ ಇದ್ದಾರೆ. 1996ರಿಂದ 2012ರವರೆಗೆ ಚಿತ್ರಿಸಿದ್ದು, ತೆರೆಗೆ ಬಂದದ್ದು 2020ರಲ್ಲಿ. ಆನಿ ಅಳುವುದು ಕಮ್ಮಿ, ಲೆಕ್ಕ ಹೇಳುವುದು ಜಾಸ್ತಿ. ಯಾವುದಕ್ಕೆ ಎಷ್ಟು, ಬಾಡಿಗೆಗೆ ಎಷ್ಟು ಬೇಕು, ಇವತ್ತು ಎಷ್ಟು ಕಮ್ಮಿ ಬಿತ್ತು. ಒಂದು ಗಂಟೆ ಚಿಲ್ಲರೆಯ ಸಿನಿಮಾ. ನನ್ನ ಮಟ್ಟಿಗೆ ಇದು ಅವರ ಅತ್ಯಂತ ಕಡಿಮೆ ಮೆಚ್ಚುಗೆ ಪಡೆದ ಒಳ್ಳೆಯ ಸಿನಿಮಾ.

ಹಾಗಾದರೆ ಕಮ್ಯುನಿಸಂ ಕಾಲವೇ ಚೆನ್ನಾಗಿತ್ತು ಅಂತ ಇವರು ಹೇಳುತ್ತಿದ್ದಾರಾ?

ಖಂಡಿತ ಇಲ್ಲ. ಆ ಕಾಲದ ಕ್ರೌರ್ಯದ ಮೇಲೂ ಅವರು ಸಿನಿಮಾ ಮಾಡಿದ್ದಾರೆ. 2001ರದ್ದು 'ಹಿಟ್ಲರ್, ಸ್ಟಾಲಿನ್ ಮತ್ತು ನಾನು'. ಹೆದಾ ಮಾರ್ಗೊಲಿಯುಸ್ ಕೊವಾಲಿ ಅನ್ನುವ ಲೇಖಕಿ ಕ್ಯಾಮೆರಾ ಮುಂದೆ ಕೂತು ತಮ್ಮ ಬದುಕು ಹೇಳುತ್ತಾರೆ. ಯಹೂದಿಯಾಗಿ ನಾಜಿಗಳ ಸಾವಿನ ಶಿಬಿರ ಆಶ್ವಿಟ್ಸ್ ಕಂಡು ಬದುಕಿ ಬಂದವರು. ಗಂಡ ಕಮ್ಯುನಿಸ್ಟ್ ಸರ್ಕಾರದಲ್ಲೇ ಉಪಮಂತ್ರಿ. 1952ರಲ್ಲಿ ಅದೇ ಸರ್ಕಾರ ಸುಳ್ಳು ವಿಚಾರಣೆ ನಡೆಸಿ ಅವರನ್ನು ಗಲ್ಲಿಗೇರಿಸಿತು. ಒಬ್ಬ ಹೆಂಗಸು, ಒಂದು ಕುರ್ಚಿ, ಮಾತು. ಅಷ್ಟೇ.

ಮುಂಚೆ ಕಾರ್ಪೆಟ್ ಕೆಳಗೆ ಗುಡಿಸಿಟ್ಟಿದ್ದ ಬಡತನ, ವ್ಯಸನ, ಒಂಟಿತನ ಈಗ ಎದುರಿಗೆ ಬಂತು ಅನ್ನುವುದು ಒಂದು. ಹೊಸ ಕಾಲ ತನ್ನದೇ ಆದ ಕೆಲವನ್ನು ಸೇರಿಸಿತು ಅನ್ನುವುದು ಇನ್ನೊಂದು. ಹೆಲೆನಾ ಎರಡನ್ನೂ ತೋರಿಸುತ್ತಾರೆ, ಯಾವುದು ಎಷ್ಟು ಅಂತ ತೂಗಿ ಕೊಡುವುದಿಲ್ಲ. ಬಲ ಎಡ ಅಂತ ಟೀಂ ಕಟ್ಟಿಕೊಂಡು ನೋಡಲು ಬಂದವರಿಗೆ ನಿರಾಸೆ ಗ್ಯಾರಂಟಿ.

ಇಪ್ಪತ್ತು ವರ್ಷ ಒಂದೇ ಸಿನಿಮಾ ಅಂದರೆ ಹೊಟ್ಟೆಪಾಡು?

ಒಂದೇ ಅಲ್ಲ. ಒಂದು ಕೈಯಲ್ಲಿ ನಾಲ್ಕೈದು ಕಥೆ ಒಟ್ಟಿಗೆ ನಡೆಯುತ್ತಿರುತ್ತವೆ. ಮೊದಲು ಸರ್ಕಾರಿ ಸ್ಟುಡಿಯೊ ಸಂಬಳ ಕೊಡುತ್ತಿತ್ತು, ಆದರೆ ಫಿಲ್ಮ್ ರೀಲನ್ನು ಅಳೆದು ಕೊಡುವ ಕಾಲ. ಆಮೇಲೆ ವಿಡಿಯೊ ಬಂತು. ಕ್ಯಾಮೆರಾ ಚಿಕ್ಕದಾಯಿತು, ಟೇಪ್ ಅಗ್ಗವಾಯಿತು. ಜೈಲಿನ ಭೇಟಿ ಕೋಣೆಗೆ ಇಬ್ಬರು ಮೂವರು ಹೋಗಿ ಬರುವಷ್ಟು ಸಲೀಸಾಯಿತು. ಕ್ರಾಂತಿಯ ನಂತರ ಅವರೇ ಕೆಲವರ ಜೊತೆ ಸೇರಿ ಸಂಸ್ಥೆ ಕಟ್ಟಿಕೊಂಡರು. ಜೆಕ್ ಸಾರ್ವಜನಿಕ ಟಿವಿ ಬಹಳಷ್ಟು ಸಿನಿಮಾಗಳಲ್ಲಿ ಪಾಲುದಾರ. ಜನರ ತೆರಿಗೆ, ಟಿವಿ ಶುಲ್ಕದ ಹಣ ಇಲ್ಲದಿದ್ದರೆ ಇಷ್ಟು ನಿಧಾನದ ಕೆಲಸ ನಡೆಯುವುದಿಲ್ಲ. ಯಾವ ವ್ಯಾಪಾರಿ 2008ರಲ್ಲಿ ಬರುವ ಸಿನಿಮಾಕ್ಕೆ 1989ರಲ್ಲಿ ದುಡ್ಡು ಹಾಕುತ್ತಾನೆ?

ಮಂತ್ರಿ ಆಗಿದ್ದರಂತೆ ನಿಜವಾ?

ನಿಜ. 2007ರ ಜನವರಿಯಲ್ಲಿ ಸಂಸ್ಕೃತಿ ಮಂತ್ರಿ. ಮೂರು ವಾರವೂ ತುಂಬುವ ಮುನ್ನ ರಾಜೀನಾಮೆ. ಮೂವತ್ತೇಳು ವರ್ಷ ಒಂದು ಮನೆಯ ಕಥೆಗೆ ಕಾದವರು ಆ ಕುರ್ಚಿಯಲ್ಲಿ ಒಂದು ತಿಂಗಳು ಕೂರಲಿಲ್ಲ.

ನಮಗೂ ಆ ದೇಶಕ್ಕೂ ಏನಾದರೂ ನಂಟಿದೆಯಾ?

ಮೈಸೂರಿನವರು ಈ ಪ್ರಶ್ನೆ ಕೇಳಬಾರದು! ಯಾದವಗಿರಿಯ ಐಡಿಯಲ್ ಜಾವಾ ಕಾರ್ಖಾನೆ 1961ರಿಂದ ಬೈಕ್ ಮಾಡಿದ್ದು ಜೆಕೊಸ್ಲೊವಾಕಿಯಾದ ಜಾವಾ ಕಂಪನಿಯ ಲೈಸೆನ್ಸ್ ಮೇಲೆ. ಆಮೇಲೆ ಅದೇ ಯೆಜ್ಡಿ ಆಯಿತು. 1996ರಲ್ಲಿ ಕಾರ್ಖಾನೆ ಮುಚ್ಚಿತು. ಅಲ್ಲಿ ಕಾರ್ಖಾನೆಗಳು ಕೈ ಬದಲಾಗುತ್ತಿದ್ದ ಅದೇ ದಶಕದಲ್ಲಿ ಇಲ್ಲೂ ಒಂದು ಸೈರನ್ ನಿಂತಿತು.

ಇನ್ನು ಬಾಟಾ. ನಮ್ಮದೇ ಕಂಪನಿ ಅಂದುಕೊಂಡವರು ಎಷ್ಟೋ ಜನ. ಅದರ ಮೂಲ ಜೆಕ್ ದೇಶದ ಮೊರಾವಿಯಾ ಸೀಮೆಯ ಜ್ಲೀನ್ ಊರು. ಎರಡನೇ ಮಹಾಯುದ್ಧ ಮುಗಿದ ಮೇಲೆ ಸರ್ಕಾರ ಕಾರ್ಖಾನೆಯನ್ನು ವಶಪಡಿಸಿಕೊಂಡಿತು. 1949ರಲ್ಲಿ ಊರಿನ ಹೆಸರನ್ನೇ ಬದಲಿಸಿ, ಕಮ್ಯುನಿಸ್ಟ್ ಅಧ್ಯಕ್ಷ ಗೊಟ್ವಾಲ್ಡ್ ಹೆಸರಲ್ಲಿ ಗೊಟ್ವಾಲ್ಡೊವ್ ಅಂತ ಮಾಡಿದರು. 1990ರಲ್ಲಿ ಮತ್ತೆ ಜ್ಲೀನ್ ಆಯಿತು.

ಯಾವುದರಿಂದ ಶುರು ಮಾಡಲಿ?

'ರೆನೆ'. ಆಮೇಲೆ 'ಮ್ಯಾಲರಿ'. ಮನಸ್ಸು ಗಟ್ಟಿ ಇದ್ದ ದಿನ 'ಕಟ್ಕಾ', ಒಬ್ಬರೇ ನೋಡಬೇಡಿ. ಮನೆಯಲ್ಲಿ ಹಿರಿಯರ ಜೊತೆ ನೋಡಲು 'ಖಾಸಗಿ ವಿಶ್ವ' ಒಳ್ಳೆಯದು. ನನ್ನ ಅಮ್ಮ ಅದನ್ನು ನೋಡಿ, 'ಆ ಹುಡುಗನಿಗೆ ಕೊನೆಗೆ ಮದುವೆ ಆಯ್ತಾ?' ಅಂತ ಮಾತ್ರ ಕೇಳಿದರು. ಸಿನಿಮಾಪ್ರೇಮಿಗಳಿಗೆ 2019ರ 'ಫೊರ್ಮನ್ ವರ್ಸಸ್ ಫೊರ್ಮನ್' ಇದೆ, ಅಮೆರಿಕಕ್ಕೆ ಹೋಗಿ ಆಸ್ಕರ್ ಗೆದ್ದ ಮಿಲೊಶ್ ಫೊರ್ಮನ್ ಕುರಿತದ್ದು. ಅದು ಬೇರೆ ಜಾತಿಯ ಸಿನಿಮಾ.

ನಾನೂ ಮನೆಯವರನ್ನು ಹೀಗೆ ಚಿತ್ರಿಸಬಹುದಾ?

ಯಾಕಾಗಬಾರದು? ಜೇಬಿನಲ್ಲೇ ಕ್ಯಾಮೆರಾ ಇದೆ. ಒಂದು ಎಚ್ಚರಿಕೆ ಮಾತ್ರ. ನಾನು ಅಜ್ಜಿಯನ್ನು ನಾಲ್ಕು ವರ್ಷ, ಪ್ರತಿ ಯುಗಾದಿಗೆ ಮಾತಾಡಿಸಿ ಫೋನಿನಲ್ಲಿ ಇಟ್ಟುಕೊಂಡಿದ್ದೆ. ರಿಪೇರಿಗೆ ಕೊಟ್ಟೆ. ಅಂಗಡಿಯವನು ಕೇಳದೆ ಎಲ್ಲಾ ಅಳಿಸಿ, ಹೊಸದರ ಹಾಗೆ ಮಾಡಿ ಕೈಗಿಟ್ಟ. ತಪ್ಪು ನನ್ನದೂ ಇತ್ತು, ಕಾಪಿ ಇಟ್ಟುಕೊಂಡಿರಲಿಲ್ಲ. ಎರಡು ಕಡೆ ಕಾಪಿ ಇಡಿ. ತಾರೀಕು ಬರೆದಿಡಿ. 'ಹೇಗಿದ್ದೀರಿ' ಅಂತ ಕೇಳಬೇಡಿ, 'ಬೆಳಿಗ್ಗೆಯಿಂದ ಏನೇನು ಮಾಡಿದ್ರಿ' ಅಂತ ಕೇಳಿ. ಬೇಡ ಅಂದರೆ ಕ್ಯಾಮೆರಾ ಕೆಳಗಿಡಿ. ಮುಂದಿನ ವರ್ಷ ಮತ್ತೆ ಹೋಗಿ.

ರೆನೆ ಆಮೇಲೆ ಏನಾದ?

2021ರಲ್ಲಿ ಎರಡನೇ ಸಿನಿಮಾ ಬಂತು, 'ರೆನೆ: ಸ್ವಾತಂತ್ರ್ಯದ ಕೈದಿ'. ಈ ಸಲ ಅವನು ಹೊರಗಿದ್ದಾನೆ. ಮೊದಲ ಸಿನಿಮಾದಿಂದ ಹೆಸರು ಬಂದಿದೆ, ದಾರಿಯಲ್ಲಿ ಜನ ಗುರುತು ಹಿಡಿಯುತ್ತಾರೆ. ಕುತ್ತಿಗೆ ಮೇಲಿನ ಹಚ್ಚೆ ಹಾಗೇ ಇದೆ.